ಹುಳಿ-ಸಿಹಿ ಸೌತೆಕಾಯಿ ಸಲಾಡ್ ಬಡಿಸುವ ಹೊತ್ತಿಗೆ ನೀರು ನೀರು! ನೀವು ಏನು ಮಾಡುತ್ತೀರಿ?

ಗಾಂಧಿಬಜಾರ್_ಗಿರಾಕಿ
ಎಲ್ಲರಿಗೂ ನಮಸ್ಕಾರ. ಬರುವ ಭಾನುವಾರ ಮನೆಗೆ 15 ಜನ ಊಟಕ್ಕೆ ಬರುತ್ತಿದ್ದಾರೆ. ಈ ಸೆಕೆಗೆ ಬಿಸಿಬೇಳೆಬಾತ್ ಜೊತೆ ತಣ್ಣಗೆ ಏನಾದರೂ ಇರಲಿ ಅಂತ ಹುಳಿ-ಸಿಹಿ ಸೌತೆಕಾಯಿ ಸಲಾಡ್ ಮಾಡುವ ಯೋಚನೆ. ಹೆಸರುಬೇಳೆ ಕೋಸಂಬರಿ ಬೇಡ, ಶ್ರೀರಾಮನವಮಿಗೆ ಎಲ್ಲರೂ ತಿಂದು ಮುಗಿಸಿದ್ದಾರೆ.

ನಾನು ಮಾಡುವ ರೀತಿ ಇಷ್ಟೇ. ಸೌತೆಕಾಯಿ ಸಣ್ಣಗೆ ಹೆಚ್ಚಿ, ನಿಂಬೆರಸ, ಸಕ್ಕರೆ, ಉಪ್ಪು, ಹಸಿಮೆಣಸಿನಕಾಯಿ, ಕೊತ್ತಂಬರಿ ಸೊಪ್ಪು ಸೇರಿಸಿ, ಮೇಲೆ ಸಾಸಿವೆ-ಇಂಗಿನ ಒಗ್ಗರಣೆ. ಕಲಸಿದ ತಕ್ಷಣ ತಿಂದರೆ ಬಹಳ ರುಚಿ. ಅರ್ಧ ಗಂಟೆ ಬಿಟ್ಟು ನೋಡಿದರೆ ಬಟ್ಟಲಿನ ತಳದಲ್ಲಿ ನೀರು ನಿಂತಿರುತ್ತದೆ. ಹುಳಿ, ಸಿಹಿ ಎಲ್ಲಾ ಆ ನೀರಿಗೆ ಇಳಿದು ಹೋಳುಗಳು ಸಪ್ಪೆ. ಮತ್ತೆ ಉಪ್ಪು ಹಾಕಿದರೆ ಇನ್ನಷ್ಟು ನೀರು.

ಯಾವ ಸೌತೆಕಾಯಿ ತರಬೇಕು? ನಿಂಬೆಯೋ ವಿನೆಗರೋ? ಸಕ್ಕರೆಯೋ ಬೆಲ್ಲವೋ? ಮುಖ್ಯವಾಗಿ ಈ ನೀರಿಗೆ ಏನು ದಾರಿ? ಗೊತ್ತಿದ್ದವರು ಹೇಳಿ.

ಹಾಸನದ_ಹುಡುಗಿ
ಉಪ್ಪು ಕೊನೆಗೆ ಹಾಕಿ. ಬೇರೆ ಏನೂ ಬೇಡ.

ಕೆಮಿಸ್ಟ್ರಿ_ಮೇಷ್ಟ್ರು
ಕೊನೆಗಲ್ಲ, ಮೊದಲೇ ಹಾಕಿ! ಸೌತೆಕಾಯಿಯ ತೂಕದಲ್ಲಿ ಶೇ. 95ರಷ್ಟು ನೀರೇ ಇರುತ್ತದೆ. ಉಪ್ಪು ತಾಗಿದರೆ ಆ ನೀರು ಹೊರಗೆ ಬರಲೇಬೇಕು, ತಪ್ಪಿಸುವುದಕ್ಕೆ ಆಗುವುದಿಲ್ಲ. ಸಕ್ಕರೆಯೂ ಅದೇ ಕೆಲಸ ಮಾಡುತ್ತದೆ, ಸ್ವಲ್ಪ ನಿಧಾನವಾಗಿ. ಹಾಗಾಗಿ ಬರುವ ನೀರನ್ನು ನಾವೇ ಮೊದಲು ಹೊರಗೆ ಹಾಕಿಬಿಡಬೇಕು.

ಅರ್ಧ ಕೆಜಿ ಸೌತೆಕಾಯಿಗೆ ಒಂದು ಟೀ ಚಮಚ ಉಪ್ಪು. ಕಲಸಿ, ತೂತಿನ ಪಾತ್ರೆಯಲ್ಲಿ ಹಾಕಿ, ಕೆಳಗೊಂದು ಬಟ್ಟಲಿಟ್ಟು 20 ನಿಮಿಷ ಬಿಡಿ. ಆಮೇಲೆ ಹಿಡಿ ಹಿಡಿಯಾಗಿ ತೆಗೆದು ಎರಡು ಅಂಗೈ ನಡುವೆ ಒತ್ತಿ. ಹಿಂಡಬೇಡಿ, ಒತ್ತಿ ಸಾಕು. ಹೋಳು ಮುರಿಯದೆ ಬಾಗುವಂತೆ ಆಗಿರುತ್ತದೆ, ಆದರೆ ಕಚ್ಚಿದರೆ ಕರಂ ಅನ್ನುತ್ತದೆ. ಈಗ ಒಂದು ನಿಂಬೆಹಣ್ಣಿನ ರಸ, ಒಂದು ದೊಡ್ಡ ಚಮಚ ಪುಡಿ ಸಕ್ಕರೆ ಸೇರಿಸಿ ನೋಡಿ. ನೀರು ಹೋದ ಜಾಗಕ್ಕೆ ಹುಳಿ-ಸಿಹಿ ಒಳಗೆ ಸೇರಿಕೊಳ್ಳುತ್ತದೆ. ಎರಡು ಗಂಟೆ ಬಿಟ್ಟರೂ ಹೋಳು ಸಪ್ಪೆಯಾಗುವುದಿಲ್ಲ. ಮತ್ತೆ ಉಪ್ಪು ಹಾಕುವ ಮೊದಲು ಮಾತ್ರ ರುಚಿ ನೋಡಲೇಬೇಕು, ಹೋಳಿನಲ್ಲಿ ಸಾಕಷ್ಟು ಉಳಿದಿರುತ್ತದೆ.

ಹಾಸನದ_ಹುಡುಗಿ
ಮೇಷ್ಟ್ರೇ, ಅಷ್ಟೆಲ್ಲಾ ಒತ್ತಿದ ಮೇಲೆ ಅದರಲ್ಲಿ ಸೌತೆಕಾಯಿ ಅನ್ನುವುದು ಏನು ಉಳಿಯುತ್ತದೆ? ಬಾಯಿಗೆ ಹಾಕಿದಾಗ ನೀರು ಚಿಮ್ಮಬೇಕು. ಸೆಕೆಗೆ ಸೌತೆಕಾಯಿ ತಿನ್ನುವುದೇ ಆ ನೀರಿಗಾಗಿ. ಅದನ್ನು ಚೆಲ್ಲಿ ತಣ್ಣಗಿನ ಸಲಾಡ್ ಅಂದರೆ ಹೇಗೆ?

ಕುಂದಾಪ್ರ_ಶೆಟ್ಟಿ
ಹಾಸನದವರು ಹೇಳಿದ್ದು ಸರಿ ಮಾರಾಯ್ರೆ. ಮದುವೆ ಮನೆಯಲ್ಲಿ ಅಡುಗೆ ಭಟ್ಟರು ಏನು ಮಾಡುತ್ತಾರೆ ನೋಡಿ. ಮುಳ್ಳುಸೌತೆ ಹೆಚ್ಚಿ ದೊಡ್ಡ ಬೇಸಿನ್ನಿನಲ್ಲಿ ಹಾಕಿ, ಒದ್ದೆ ಬಟ್ಟೆ ಮುಚ್ಚಿ ಇಡುತ್ತಾರೆ. ಕಾಯಿತುರಿ ಬೇರೆ, ಒಗ್ಗರಣೆ ಬೇರೆ. ಹೊರಗೆ ಎಲೆ ಹಾಕಿ ನೀರು ಚಿಮುಕಿಸುವ ಸದ್ದು ಕೇಳಿದ ಮೇಲೆಯೇ ಉಪ್ಪಿನ ಡಬ್ಬಕ್ಕೆ ಕೈ. ಒಬ್ಬರು ಉಪ್ಪು ಎರಚುತ್ತಾರೆ, ಇನ್ನೊಬ್ಬರು ನಿಂಬೆ ಹಿಂಡುತ್ತಾ ಹೋಗುತ್ತಾರೆ, ಮೂರನೆಯವರು ಮೊಣಕೈ ತನಕ ಕೈ ಹಾಕಿ ಕಲಸುತ್ತಾರೆ. ಕಲಸಿದ ಬಕೆಟ್ ಸೀದಾ ಪಂಕ್ತಿಗೆ. ಎರಡನೇ ಪಂಕ್ತಿಗೆ ಮತ್ತೆ ಬೇರೆ ಕಲಸುತ್ತಾರೆ. ನೂರಾರು ಜನರಿಗೆ ಮಾಡುವವರಿಗೇ ಇದು ಸಾಧ್ಯ ಅಂದರೆ 15 ಜನರಿಗೆ ಏನು ಕಷ್ಟ?

ಕೆಮಿಸ್ಟ್ರಿ_ಮೇಷ್ಟ್ರು
ಶೆಟ್ಟರೇ, ಅದು ಎಲೆಯ ತುದಿಗೆ ಎರಡು ಚಮಚ ಬಡಿಸುವ ಕೋಸಂಬರಿಗೆ ಸರಿ. ಇವರು ಮಾಡುವುದು ಬಟ್ಟಲಲ್ಲಿ ಹಾಕಿ ಮೇಜಿನ ಮೇಲಿಡುವ ಸಲಾಡ್. ಒಬ್ಬರು ಒಂದು ಗಂಟೆಗೆ ಊಟಕ್ಕೆ ಕೂರುತ್ತಾರೆ, ಇನ್ನೊಬ್ಬರು ಎರಡು ಗಂಟೆಗೆ. ಅಲ್ಲಿಯವರೆಗೆ ಅದು ನಿಲ್ಲಬೇಕು ಅಲ್ವಾ?

ಬೆಳಗಾವಿ_ರೊಟ್ಟಿ
ನೀವು ಉಪ್ಪಿಗೆ ಜಗಳ ಆಡುತ್ತಿದ್ದೀರಿ. ನಮ್ಮ ಕಡೆ ಇದಕ್ಕೆ ಶೇಂಗಾ ಪುಡಿ ಇದೆ!

ಸವತಿಕಾಯಿ ಪಚಡಿ ಮಾಡುವಾಗ ಹುರಿದು ಸಿಪ್ಪೆ ತೆಗೆದ ಶೇಂಗಾವನ್ನು ತರಿತರಿಯಾಗಿ ಕುಟ್ಟಿ ಹಾಕುತ್ತೇವೆ. ಎಷ್ಟೇ ನೀರು ಬಿಟ್ಟರೂ ಆ ಪುಡಿ ಕುಡಿದುಬಿಡುತ್ತದೆ. ನೀರು ನಿಲ್ಲುವ ಬದಲು ಹೋಳುಗಳಿಗೆ ಹುಳಿ-ಸಿಹಿ-ಖಾರದ ದಪ್ಪ ಲೇಪ ಆಗುತ್ತದೆ. ಗಡಿಯಾಚೆ ಮಹಾರಾಷ್ಟ್ರದಲ್ಲಿ ಇದನ್ನೇ ಖಮಂಗ್ ಕಾಕಡಿ ಅಂತ ಮಾಡುತ್ತಾರೆ, ಬೆಳಗಾವಿಯಲ್ಲಿ ಎರಡೂ ಹೆಸರು ನಡೆಯುತ್ತವೆ. ಸೌತೆ, ಶೇಂಗಾ ಪುಡಿ, ಹಸಿ ಕೊಬ್ಬರಿ ತುರಿ, ಲಿಂಬೆ, ಸಕ್ಕರೆ, ಮೇಲೆ ತುಪ್ಪದಲ್ಲಿ ಜೀರಿಗೆ-ಹಸಿಮೆಣಸಿನ ಒಗ್ಗರಣೆ. ಏಕಾದಶಿ, ಶಿವರಾತ್ರಿಯಂದು ಉಪವಾಸಕ್ಕೂ ನಡೆಯುತ್ತದೆ, ಅವತ್ತು ಸಾಸಿವೆ-ಇಂಗು ಇಲ್ಲ, ಬರೀ ಜೀರಿಗೆ.

ಅಳತೆ ಬೇಕಾದರೆ: ಅರ್ಧ ಕೆಜಿ ಸವತಿಕಾಯಿಗೆ ಅರ್ಧ ಬಟ್ಟಲು ಶೇಂಗಾ ಪುಡಿ. ಮಿಕ್ಸಿಯಲ್ಲಿ ಮಾಡಿದರೆ ಬಿಟ್ಟು ಬಿಟ್ಟು ತಿರುವಿ. ಒಂದೇ ಸಮನೆ ತಿರುವಿದರೆ ಎಣ್ಣೆ ಬಿಟ್ಟು ಮುದ್ದೆ ಆಗುತ್ತದೆ. ಮತ್ತೆ ಲಿಂಬೆ ವಿಜಯಪುರ ಜಿಲ್ಲೆಯ ಇಂಡಿ ತಾಲೂಕಿನದು ಸಿಕ್ಕರೆ ತಗೊಳ್ಳಿ. ತೆಳು ಸಿಪ್ಪೆ, ಭರ್ತಿ ರಸ. ಸುಮ್ನೆ ಜಿಐ ಟ್ಯಾಗ್ ಸಿಕ್ಕಿಲ್ಲ ಅದಕ್ಕೆ.

ಮಂಡ್ಯ_ಮಾವ
ಶೇಂಗಾ ಹಾಕಿದರೆ ಅದು ಬೇರೆ ತಿಂಡಿ. ತಂಪಿಗೆ ಮಾಡುವುದಕ್ಕೆ ಶೇಂಗಾ ಯಾಕೆ? ಪಿತ್ತ.

ಬೆಳಗಾವಿ_ರೊಟ್ಟಿ
ಮಾವಾ, 40 ಡಿಗ್ರಿ ಬಿಸಿಲಲ್ಲಿ ಜೋಳದ ರೊಟ್ಟಿ, ಶೇಂಗಾ ಚಟ್ನಿ, ಸವತಿಕಾಯಿ, ಮೊಸರು ತಿಂದು ಹೊಲಕ್ಕೆ ಹೋಗುವವರು ನಾವು. ಯಾರಿಗೂ ಏನೂ ಆಗಿಲ್ಲ.

ತರಕಾರಿ_ಗಾಡಿ
ಮೊದಲು ಕಾಯಿ ಬಗ್ಗೆ ಮಾತಾಡಿ. ಕಾಯಿ ಬಲಿತಿದ್ದರೆ ನೀವು ಉಪ್ಪು ಮೊದಲು ಹಾಕಿದರೂ ಅಷ್ಟೇ, ಕೊನೆಗೆ ಹಾಕಿದರೂ ಅಷ್ಟೇ. ನಡುವಿನ ಬೀಜದ ಲೋಳೆ ಇದೆಯಲ್ಲಾ, ನೀರು ಜಾಸ್ತಿ ಬಿಡುವುದೇ ಅದು.

ಬೆಂಗಳೂರಿನಲ್ಲಿ ಸಿಗುವುದು ಮೂರು ನಮೂನೆ. ನಾಟಿ, ತಿಳಿಹಸಿರು, ಗಿಡ್ಡ, ಹೊಟ್ಟೆ ದಪ್ಪ. ರುಚಿ ಇದಕ್ಕೇ, ಆದರೆ ಬೀಜವೂ ಜಾಸ್ತಿ. ಎರಡನೆಯದು ಉದ್ದನೆ ಹಸಿರು ಹೈಬ್ರಿಡ್. ಮೂರನೆಯದು ಪ್ಲಾಸ್ಟಿಕ್ ಸುತ್ತಿ ಬರುವ ಇಂಗ್ಲಿಷ್ ಸೌತೆ, ಪಾಲಿಹೌಸಿನಲ್ಲಿ ಬೆಳೆದದ್ದು, ಬೀಜ ಇಲ್ಲವೇ ಇಲ್ಲ ಅನ್ನಬಹುದು, ಸಿಪ್ಪೆ ತೆಳು, ಬೆಲೆ ಜಾಸ್ತಿ. ಸಲಾಡಿಗೆ ಕಷ್ಟ ಬೇಡ ಅನ್ನುವವರು ಅದನ್ನೇ ತಗೊಳ್ಳಿ. ನಾಟಿ ತಗೊಳ್ಳುವುದಾದರೆ ಎಳೆಯದು ಆರಿಸಿ. ಕೈಯಲ್ಲಿ ಹಿಡಿದರೆ ಗಟ್ಟಿ ಇರಬೇಕು, ತೊಟ್ಟು ಹಸಿರಿರಬೇಕು, ಎಲ್ಲೂ ಹಳದಿ ತಿರುಗಿರಬಾರದು. ದಯವಿಟ್ಟು ಉಗುರು ಚುಚ್ಚಿ ನೋಡಬೇಡಿ, ಆಮೇಲೆ ಆ ಕಾಯಿಯನ್ನು ಯಾರೂ ಕೊಳ್ಳುವುದಿಲ್ಲ.

ಬಲಿತ ಕಾಯಿಯೇ ಮನೆಯಲ್ಲಿದ್ದರೆ ಉದ್ದಕ್ಕೆ ಸೀಳಿ, ಚಮಚದ ತುದಿಯಿಂದ ಬೀಜ ಕೆರೆದು ತೆಗೆಯಿರಿ. ಅರ್ಧ ಸಮಸ್ಯೆ ಅಲ್ಲೇ ಹೋಯಿತು.

ಗಾಂಧಿಬಜಾರ್_ಗಿರಾಕಿ
ಬೀಜ ತೆಗೆಯುವ ವಿಷಯ ಯಾರೂ ಹೇಳಿರಲಿಲ್ಲ, ಧನ್ಯವಾದ. ಕಹಿ ಬಂದರೆ? ಹೋದ ವಾರ ತಂದದ್ದರಲ್ಲಿ ಎರಡು ಕಹಿ ಇದ್ದವು. ತುದಿ ಕತ್ತರಿಸಿ ಉಜ್ಜಿ ನೊರೆ ತೆಗೆದರೂ ಹೋಗಲಿಲ್ಲ.

ಅಡುಗೆ_ಅಜ್ಜಿ
ಉಜ್ಜುವುದು ತೊಟ್ಟಿನ ಕಡೆ ಮಗಾ, ಹೂವಿನ ಕಡೆ ಅಲ್ಲ. ಸರಿಯಾಗಿ ಒಂದು ನಿಮಿಷ ಉಜ್ಜಬೇಕು.

ಕೆಮಿಸ್ಟ್ರಿ_ಮೇಷ್ಟ್ರು
ಅಮ್ಮಾ, ಕ್ಷಮಿಸಿ, ಉಜ್ಜಿದರೆ ಒಳಗಿನ ಕಹಿ ಹೊರಗೆ ಬರುವುದಿಲ್ಲ. ಕಹಿ ಬರುವುದು ಕುಕುರ್ಬಿಟಾಸಿನ್ ಅನ್ನುವ ವಸ್ತುವಿನಿಂದ. ಅದು ತೊಟ್ಟಿನ ಕಡೆ ಮತ್ತು ಸಿಪ್ಪೆಯ ಕೆಳಗೆ ಜಾಸ್ತಿ ಇರುತ್ತದೆ. ತೊಟ್ಟಿನ ಕಡೆ ಒಂದು ಅಂಗುಲ ಕತ್ತರಿಸಿ ಬಿಸಾಕಿ, ಸಿಪ್ಪೆ ದಪ್ಪಗೆ ಹೆರೆದರೆ ಕಡಿಮೆ ಆಗುವುದು ಅದೇ ಕಾರಣಕ್ಕೆ. ನೊರೆಗೂ ಅದಕ್ಕೂ ಸಂಬಂಧ ಇಲ್ಲ. ಬಿಸಿಲು ಜಾಸ್ತಿಯಾಗಿ ಗಿಡಕ್ಕೆ ನೀರು ಸಾಲದಿದ್ದರೆ ಕಹಿ ಜಾಸ್ತಿ. ಏಪ್ರಿಲ್-ಮೇ ತಿಂಗಳಲ್ಲಿ ಈ ದೂರು ಹೆಚ್ಚು ಕೇಳುವುದು ಅದಕ್ಕೇ.

ಒಂದು ಮಾತು ಮಾತ್ರ ಗಟ್ಟಿಯಾಗಿ ಹೇಳುತ್ತೇನೆ. ಪ್ರತಿ ಕಾಯಿಯ ತೊಟ್ಟಿನ ಕಡೆಯ ಚೂರು ನಾಲಿಗೆಗೆ ತಾಗಿಸಿ ನೋಡಿ. ಸ್ವಲ್ಪ ಒಗರು-ಕಹಿ ಇದ್ದರೆ ಕತ್ತರಿಸಿದರೆ ಸಾಕು. ನಡುವಿನ ಹೋಳೂ ಚೆನ್ನಾಗಿ ಕಹಿ ಇದ್ದರೆ ಇಡೀ ಕಾಯಿ ಬಿಸಾಕಿ. ಸಕ್ಕರೆ-ನಿಂಬೆ ಹಾಕಿ ಮುಚ್ಚುವುದು ಬೇಡ. ಇದೇ ಜಾತಿಯ ಕಹಿ ಇರುವ ಸೋರೆಕಾಯಿ ರಸ ಕುಡಿದು ಜನ ಸತ್ತಿದ್ದಾರೆ, ಕಹಿ ಸೋರೆ ರಸ ಕುಡಿಯಬೇಡಿ ಎಂದು ಐಸಿಎಂಆರ್ ಕೂಡ ಎಚ್ಚರಿಸಿದೆ. ಹಸಿಯಾಗಿ ತಿನ್ನುವ ತರಕಾರಿಯಲ್ಲಿ ಕಹಿಯನ್ನು ಹಗುರವಾಗಿ ತಗೊಳ್ಳಬಾರದು.

ಅಡುಗೆ_ಅಜ್ಜಿ
ನಮ್ಮ ಅತ್ತೆ ಕಾಲದಿಂದ ಉಜ್ಜುತ್ತಿದ್ದೇವಪ್ಪ. ಆಗಲಿ, ನೀನು ಹೇಳಿದ ಹಾಗೆ ರುಚಿ ನೋಡಿಯೇ ಹಾಕುತ್ತೇನೆ. ತೊಟ್ಟು ಕತ್ತರಿಸುವುದಂತೂ ನಾವೂ ಮಾಡುತ್ತಿದ್ದೆವು.

ಸ್ಟಾಕ್‌ಹೋಮ್_ಸುಬ್ಬು
ಹುಳಿ-ಸಿಹಿ ಸೌತೆ ಅಂದ ಕೂಡಲೇ ಓಡಿ ಬಂದೆ. ಇಲ್ಲಿ ಸ್ವೀಡನ್ನಿನಲ್ಲಿ ಇದು ಮನೆಮನೆಯ ಅಡುಗೆ. ಪ್ರೆಸ್‌ಗುರ್ಕ ಅನ್ನುತ್ತಾರೆ. ಸೌತೆಕಾಯಿಯನ್ನು ಕಾಗದದಷ್ಟು ತೆಳ್ಳಗೆ ಬಿಲ್ಲೆ ಮಾಡಿ, ಉಪ್ಪು ಹಾಕಿ, ಮೇಲೆ ತಟ್ಟೆ ಇಟ್ಟು ಭಾರ ಹೇರುತ್ತಾರೆ. ನೀರು ಬಸಿದು, ವಿನೆಗರ್-ಸಕ್ಕರೆಯ ಪಾಕ ಸುರಿದು, ಪಾರ್ಸ್ಲಿ ಸೊಪ್ಪು ಉದುರಿಸಿ ಫ್ರಿಜ್‌ನಲ್ಲಿ ಇಡುತ್ತಾರೆ. ಮಾಂಸದುಂಡೆ, ಆಲೂಗಡ್ಡೆ ಜೊತೆ ತಿನ್ನುವುದು. ನಾವು ಸಸ್ಯಾಹಾರಿಗಳು, ಚಪಾತಿ ಜೊತೆಗೆ, ಪುಳಿಯೋಗರೆ ಜೊತೆಗೆ ತಿನ್ನುತ್ತೇವೆ. ಮಕ್ಕಳು ಬಟ್ಟಲೇ ನೆಕ್ಕುತ್ತಾರೆ.

ಆ ಪಾಕಕ್ಕೆ ಇಲ್ಲಿನವರೆಲ್ಲರ ಬಾಯಲ್ಲಿರುವ ಲೆಕ್ಕ 1-2-3. ಒಂದು ಪಾಲು ವಿನೆಗರ್, ಎರಡು ಪಾಲು ಸಕ್ಕರೆ, ಮೂರು ಪಾಲು ನೀರು. ಕಾಯಿಸಿ ಆರಿಸಿದರೆ ಮುಗಿಯಿತು. ಈರುಳ್ಳಿ, ಬೀಟ್‌ರೂಟ್, ಮೀನು, ಎಲ್ಲಕ್ಕೂ ಇದೇ. ಹಾಗಾಗಿ ನನ್ನ ಮತ ಮೇಷ್ಟ್ರಿಗೆ. ಮೊದಲು ಉಪ್ಪು, ಆಮೇಲೆ ಒತ್ತು.

ಹಾಸನದ_ಹುಡುಗಿ
ಎರಡು ಪಾಲು ಸಕ್ಕರೆನಾ!

ಸ್ಟಾಕ್‌ಹೋಮ್_ಸುಬ್ಬು
ಪಾಕ ಅಷ್ಟನ್ನೂ ಕುಡಿಯುವುದಿಲ್ಲ ಅಲ್ವಾ, ಹೋಳು ಮಾತ್ರ ಎತ್ತಿ ತಿನ್ನುತ್ತೇವೆ. ಆದರೂ ನಮ್ಮ ಮನೆಯಲ್ಲಿ ಸಕ್ಕರೆ ಒಂದೂವರೆ ಪಾಲು.

ಕೆಮಿಸ್ಟ್ರಿ_ಮೇಷ್ಟ್ರು
ಓದುವವರು ಒಂದು ನಿಮಿಷ ನಿಲ್ಲಿ. ಆ 1-2-3 ಲೆಕ್ಕವನ್ನು ಹಾಗೇ ಇಲ್ಲಿ ಮಾಡಬೇಡಿ. ಸ್ವೀಡನ್ನಿನ ಅಂಗಡಿಯಲ್ಲಿ ಸಿಗುವ ವಿನೆಗರ್ ಶೇ. 12ರ ಹುಳಿಯದ್ದು, ಶೇ. 24ರದ್ದೂ ಸಿಗುತ್ತದೆ. ನಮ್ಮ ಅಂಗಡಿಯ ಬಿಳಿ ವಿನೆಗರ್ ಸಾಮಾನ್ಯವಾಗಿ ಶೇ. 4ರ ಆಸುಪಾಸು. ಅದಕ್ಕೆ ಮೂರು ಪಾಲು ನೀರು ಹಾಕಿದರೆ ಹುಳಿ ಎಲ್ಲಿ ಉಳಿಯುತ್ತದೆ?

ಲೆಕ್ಕ ತಿರುಗಿಸಿ ಹಾಕಿ. ಅವರದು ಒಂದು ಪಾಲು ಶೇ. 12ರದ್ದು, ಮೂರು ಪಾಲು ನೀರು. ಸಕ್ಕರೆ ಬಿಟ್ಟು ನೋಡಿದರೆ ನೀರಿನಲ್ಲಿ ಶೇ. 3ರಷ್ಟು ಹುಳಿ. ನಮಗೆ ಅದೇ ಬರಬೇಕಾದರೆ ಮೂರು ಪಾಲು ವಿನೆಗರ್‌ಗೆ ಒಂದು ಪಾಲು ನೀರು, ಸಕ್ಕರೆ ಅದೇ ಎರಡು. ಬಾಟಲಿಯ ಮೇಲೆ ಶೇಕಡಾ ಎಷ್ಟು ಅಂತ ಬರೆದಿರುತ್ತದೆ, ನೋಡಿಯೇ ಮಾಡಿ.

ಸ್ಟಾಕ್‌ಹೋಮ್_ಸುಬ್ಬು
ಸರಿಯಾಗಿ ಹೇಳಿದಿರಿ ಸರ್. ಇಲ್ಲಿನ ಬಾಟಲಿ ಬಹಳ ಗಾಢ, ಮೂಗಿಗೆ ಹಿಡಿದರೆ ಕಣ್ಣಲ್ಲಿ ನೀರು. ಊರಿಗೆ ಬಂದವರು ಯಾರಾದರೂ ಇದನ್ನು ತಂದಿದ್ದರೆ ದಯವಿಟ್ಟು ನೀರು ಬೆರೆಸದೆ ಬಳಸಬೇಡಿ.

ಮಂಡ್ಯ_ಮಾವ
ವಿನೆಗರ್ ಯಾಕೆ ಬೇಕು? ಗೋಬಿ ಮಂಚೂರಿ ವಾಸನೆ ಬರುತ್ತದೆ. ನಿಂಬೆಹಣ್ಣಿಗೆ ಏನಾಗಿದೆ?

ತರಕಾರಿ_ಗಾಡಿ
ಮಾವನಿಗೆ ನನ್ನ ಓಟು.

ಗಾಂಧಿಬಜಾರ್_ಗಿರಾಕಿ
ನಿಂಬೆರಸ ಹಾಕಿಟ್ಟರೆ ಹೊತ್ತು ಹೋದಂತೆ ಒಂಥರಾ ಕಹಿ ಬರುತ್ತದೆ, ಅದಕ್ಕೇ ವಿನೆಗರ್ ಕೇಳಿದ್ದು.

ಅಡುಗೆ_ಅಜ್ಜಿ
ನಿಂಬೆಹಣ್ಣನ್ನು ಸಿಪ್ಪೆ ಸಮೇತ ಜೋರಾಗಿ ಹಿಂಡಿದರೆ ಕಹಿ ಬರುತ್ತದೆ. ಬೀಜ ಬಿದ್ದು ಕೂತರೂ ಬರುತ್ತದೆ. ಮೆಲ್ಲಗೆ ಹಿಂಡು, ಸೋಸು, ಕೊನೆಗೆ ಹಾಕು. ಈಗ ಮಾವಿನಕಾಯಿ ಕಾಲ ಅಲ್ವಾ, ಅರ್ಧ ಹುಳಿಮಾವಿನಕಾಯಿ ತುರಿದು ಸೇರಿಸು. ನಿಂಬೆ ಅರ್ಧ ಸಾಕಾಗುತ್ತದೆ. ಮಾವಿನ ಹುಳಿ ಬಾಯಲ್ಲಿ ನಿಲ್ಲುತ್ತದೆ, ಪರಿಮಳವೂ ಬೇರೆ.

ಕುಂದಾಪ್ರ_ಶೆಟ್ಟಿ
ಅಜ್ಜಿ ಹೇಳಿದ್ದು ಕೇಳಿ ಬಾಯಲ್ಲಿ ನೀರು ಬಂತು. ನಮ್ಮ ಹಿತ್ತಲಲ್ಲಿ ಬಿಂಬುಳಿ ಮರ ಇದೆ, ಬಹಳ ಹುಳಿ ಕಾಯಿ. ಎರಡು ಬಿಂಬುಳಿ ತೆಳ್ಳಗೆ ಹೆಚ್ಚಿ ಹಾಕಿದರೂ ಆಗುತ್ತದೆ. ಅದೂ ನೀರು ಬಿಡುತ್ತದೆ, ಅದನ್ನೂ ಉಪ್ಪು ಹಾಕಿ ಒತ್ತಿಕೊಳ್ಳಬೇಕು.

ಕೆಮಿಸ್ಟ್ರಿ_ಮೇಷ್ಟ್ರು
ನೋಡಿ, ಶೆಟ್ಟರೇ ಈಗ ಉಪ್ಪು ಹಾಕಿ ಒತ್ತಿ ಅಂದರು!

ಕುಂದಾಪ್ರ_ಶೆಟ್ಟಿ
ಬಿಂಬುಳಿಗೆ ಮಾರಾಯ್ರೆ, ಮುಳ್ಳುಸೌತೆಗೆ ಅಲ್ಲ.

ಸಿರ್ಸಿ_ಸೊಸೆ
ಸಿಹಿಗೆ ಎಲ್ಲರೂ ಸಕ್ಕರೆ ಅನ್ನುತ್ತಿದ್ದೀರಿ. ಮಲೆನಾಡಿನವರು ಯಾರೂ ಇಲ್ಲವಾ ಇಲ್ಲಿ? ಜೋನಿ ಬೆಲ್ಲ ಹಾಕಿ ನೋಡಿ. ದ್ರವ ಬೆಲ್ಲ ಆದ್ದರಿಂದ ಕರಗಿಸುವ ಕೆಲಸ ಇಲ್ಲ. ಕಲಸಿದ ಕೂಡಲೇ ಎಲ್ಲಾ ಹೋಳಿಗೂ ಅಂಟುತ್ತದೆ. ಸಕ್ಕರೆ ಬರೀ ಸಿಹಿ, ಬೆಲ್ಲಕ್ಕೆ ಒಂದು ಘಮ ಇದೆ. ನಮ್ಮಲ್ಲಿ ಎಳೆ ಮುಳ್ಳುಸೌತೆ ಸೀಳಿ ಜೋನಿ ಬೆಲ್ಲದಲ್ಲಿ ಅದ್ದಿ ಹಾಗೇ ತಿನ್ನುತ್ತೇವೆ.

ನಾನು ಮಾಡುವುದು ಹೀಗೆ. ಎರಡು ಎಳೆ ಮುಳ್ಳುಸೌತೆ ಸಣ್ಣಗೆ ಕೊಚ್ಚಿ. ಒಂದು ಹಿಡಿ ಕಾಯಿತುರಿ, ಕಾಲು ಚಮಚ ಸಾಸಿವೆ, ಒಂದು ಹಸಿಮೆಣಸು ಸೇರಿಸಿ ರುಬ್ಬಿ. ಅದಕ್ಕೆ ನಿಂಬೆರಸ, ಜೋನಿ ಬೆಲ್ಲ, ಉಪ್ಪು. ಬಡಿಸುವಾಗ ಕೊಚ್ಚಿದ್ದಕ್ಕೆ ಕಲಸುವುದು. ರುಬ್ಬಿದ ಕಾಯಿ ಇರುವುದರಿಂದ ನೀರು ಬಿಟ್ಟರೂ ಅದು ರಸವಾಗಿಯೇ ಸೇರುತ್ತದೆ, ಬೇರೆ ನಿಲ್ಲುವುದಿಲ್ಲ. ಅನ್ನಕ್ಕೆ ಕಲಸಿಕೊಂಡರೂ ಚೆಂದ. ಮೊಸರು ಹಾಕಿದರೆ ಸಳ್ಳಿ ಆಗುತ್ತದೆ. ಸಾಸಿವೆಯನ್ನು ತುಂಬಾ ಹೊತ್ತು ರುಬ್ಬಿದರೆ ಕಹಿಯಾಗುತ್ತದೆ, ಕೊನೆಗೆ ಹಾಕಿ ಒಂದು ಸುತ್ತು ತಿರುವಿದರೆ ಸಾಕು. ನೀರು ಸೇರಿ ಜಜ್ಜಿದ ಕೂಡಲೇ ಅದರ ಗಾಟು ಏಳುತ್ತದೆ.

ಹಾಸನದ_ಹುಡುಗಿ
ಇದು ಮಾಡುತ್ತೇನೆ. ಬೆಲ್ಲಕ್ಕೆ ಬಣ್ಣ ಕಂದು ಆಗುವುದಿಲ್ಲವಾ?

ಸಿರ್ಸಿ_ಸೊಸೆ
ಸ್ವಲ್ಪ ಆಗುತ್ತದೆ. ನೆಂಟರಿಗೆ ಬೆಳ್ಳಗೆ ಹಸಿರು ಕಾಣಬೇಕು ಅಂದರೆ ಸಕ್ಕರೆ ಹಾಕಿ. ಮನೆಯವರಿಗೆ ಬೆಲ್ಲ.

ಮಂಡ್ಯ_ಮಾವ
ನೆಂಟರಿಗೇ ಒಳ್ಳೆಯದು ಬಡಿಸಬೇಕಮ್ಮ. ಮಂಡ್ಯದ ಬೆಲ್ಲವನ್ನೇ ತುರಿದು ನಿಂಬೆರಸದಲ್ಲಿ ಕರಗಿಸಿ, ಸೋಸಿ ಹಾಕಲಿ. ಸೋಸಲೇಬೇಕು, ಇಲ್ಲದಿದ್ದರೆ ಹಲ್ಲಿಗೆ ಮರಳು ಸಿಗುತ್ತದೆ.

ಶುಗರ್_ಸಂಗಾತಿ
ನಮ್ಮ ಮನೆಯಲ್ಲಿ ಇಬ್ಬರಿಗೆ ಶುಗರ್ ಇದೆ. ಬೆಲ್ಲ ಆದರೆ ಪರವಾಗಿಲ್ಲ ಅಂತ ಬಹಳ ಜನ ಅಂದುಕೊಂಡಿದ್ದಾರೆ. ಹಾಗಿಲ್ಲ, ಬೆಲ್ಲದಲ್ಲೂ ಇರುವುದು ಹೆಚ್ಚಿನಂಶ ಅದೇ ಸಕ್ಕರೆ. ನಾವು ಎರಡನ್ನೂ ಬಿಟ್ಟು ಒಂದು ಹಿಡಿ ದಾಳಿಂಬೆ ಕಾಳು, ಸ್ವಲ್ಪ ಕ್ಯಾರೆಟ್ ತುರಿ ಹಾಕುತ್ತೇವೆ. ಸಿಹಿ ಕಡಿಮೆ, ಆದರೆ ನಡು ನಡುವೆ ಸಿಗುತ್ತದೆ. ಹುಳಿಯನ್ನೂ ಅದಕ್ಕೆ ತಕ್ಕಂತೆ ಇಳಿಸಬೇಕು. ನಿಂಬೆ ಅಷ್ಟೇ ಹಾಕಿ ಸಕ್ಕರೆ ಬಿಟ್ಟರೆ ಹಲ್ಲು ಚುಳ್ ಅನ್ನುತ್ತದೆ.

ಗಿರಾಕಿಯವರೇ, 15 ಜನರಲ್ಲಿ ಶುಗರ್ ಇರುವವರು ಇದ್ದೇ ಇರುತ್ತಾರೆ. ಒಂದು ಸಣ್ಣ ಬಟ್ಟಲು ಬೇರೆ ಎತ್ತಿಡಿ. ಕೇಳದೆಯೇ ಬಡಿಸಿದರೆ ಅವರಿಗೆ ಎಷ್ಟು ಸಂತೋಷ ಆಗುತ್ತದೆ ಗೊತ್ತಾ!

ಗಾಂಧಿಬಜಾರ್_ಗಿರಾಕಿ
ಖಂಡಿತ ಎತ್ತಿಡುತ್ತೇನೆ. ನನ್ನ ಭಾವನಿಗೇ ಶುಗರ್ ಇದೆ.

ಇವತ್ತು ಮಧ್ಯಾಹ್ನ ಒಂದೇ ಕಾಯಿಯನ್ನು ಎರಡು ಭಾಗ ಮಾಡಿ ಎರಡೂ ರೀತಿ ಮಾಡಿ ನೋಡಿದೆ. ಉಪ್ಪು ಕೊನೆಗೆ ಹಾಕಿದ್ದು ಮೊದಲ ಹತ್ತು ನಿಮಿಷ ಹಾಸನದವರು ಹೇಳಿದಂತೆಯೇ, ಬಾಯಲ್ಲಿ ನೀರು ಚಿಮ್ಮಿತು. ಆಮೇಲೆ ಹಳೆ ಕಥೆ. ಒತ್ತಿದ್ದು ಒಂದು ಗಂಟೆಯ ನಂತರವೂ ಹುಳಿ-ಸಿಹಿ ಹಿಡಿದುಕೊಂಡೇ ಇತ್ತು, ತಳದಲ್ಲಿ ಒಂದೆರಡು ಚಮಚ ನೀರು ಅಷ್ಟೇ. ನಾನು ಮೇಜಿನ ಮೇಲೆ ಇಡುವುದರಿಂದ ಒತ್ತಿದ್ದನ್ನೇ ಮಾಡುತ್ತೇನೆ. ಒತ್ತಿ ಬಂದ ಉಪ್ಪುನೀರನ್ನು ಚೆಲ್ಲಲು ಮನಸ್ಸಾಗಲಿಲ್ಲ, ಮಜ್ಜಿಗೆಗೆ ಹಾಕಿ ಶುಂಠಿ-ಕರಿಬೇವು ಸೇರಿಸಿದೆ. ಬಹಳ ಚೆನ್ನಾಗಿತ್ತು.

ಈಗ ಪ್ರಮಾಣ ಹೇಳಿ. ಭಾನುವಾರ ಬೆಳಿಗ್ಗೆಯೇ ಎಷ್ಟು ಕೆಲಸ ಮುಗಿಸಿಡಬಹುದು?

ಕೆಮಿಸ್ಟ್ರಿ_ಮೇಷ್ಟ್ರು
15 ಜನರಿಗೆ 2 ಕೆಜಿ ತಗೊಳ್ಳಿ, ಬೀಜ ಮತ್ತು ನೀರು ಹೋದ ಮೇಲೆ ತುಂಬಾ ಇಳಿಯುತ್ತದೆ. ಉಪ್ಪು ನಾಲ್ಕು ಟೀ ಚಮಚ, ಮಟ್ಟವಾಗಿ. ಬೆಳಿಗ್ಗೆ ಹೆಚ್ಚಿ, ಉಪ್ಪು ಹಾಕಿ, ಒತ್ತಿ, ಮುಚ್ಚಿ ಫ್ರಿಜ್‌ನಲ್ಲಿಡಿ. ನಾಲ್ಕು ನಿಂಬೆಹಣ್ಣಿನ ರಸದಲ್ಲಿ ನಾಲ್ಕು ದೊಡ್ಡ ಚಮಚ ಸಕ್ಕರೆ ಪೂರ್ತಿ ಕರಗಿಸಿ ಬೇರೆ ಬಾಟಲಿಯಲ್ಲಿ. ಊಟಕ್ಕೆ 15-20 ನಿಮಿಷ ಮೊದಲು ಎರಡನ್ನೂ ಸೇರಿಸಿ. ಕಾಯಿತುರಿ, ಕೊತ್ತಂಬರಿ ಬಡಿಸುವಾಗ. ಹಸಿ ಕಾಯಿತುರಿ ಸೆಕೆಗೆ ಬೇಗ ಹಳಸುತ್ತದೆ, ಅದನ್ನು ಮೊದಲೇ ಹಾಕಿ ಹೊರಗೆ ಇಡುವುದು ಬೇಡ. ಉಳಿದ ಸಲಾಡನ್ನೂ ಸಂಜೆಗೆ ಎತ್ತಿಡಬೇಡಿ.

ಹಾಸನದ_ಹುಡುಗಿ
ಬಿಸಿ ಒಗ್ಗರಣೆ ಸುರಿದರೆ ಇಷ್ಟೆಲ್ಲಾ ತಣ್ಣಗೆ ಮಾಡಿದ್ದು ಏನಾಗಬೇಕು? ಒಗ್ಗರಣೆ ಆರಿದ ಮೇಲೆ ಹಾಕಿ. ಇದರಲ್ಲಾದರೂ ಎಲ್ಲರೂ ಒಪ್ಪುತ್ತೀರಿ ಅಲ್ವಾ?

ಅಡುಗೆ_ಅಜ್ಜಿ
ಆರಿದ ಒಗ್ಗರಣೆಗೆ ಇಂಗಿನ ಘಮ ಎಲ್ಲಿ? ಚುಂಯ್ ಅನ್ನಬೇಕು.

ಕುಂದಾಪ್ರ_ಶೆಟ್ಟಿ
ತೆಂಗಿನೆಣ್ಣೆ ಒಗ್ಗರಣೆ ಆದರೆ ಫ್ರಿಜ್‌ನಲ್ಲಿ ಗಟ್ಟಿಯಾಗಿ ಬಿಳಿ ಬಿಳಿ ಕಾಣುತ್ತದೆ. ಹಾಗಾಗಿ ಹೊರಗೆ ತೆಗೆದ ಮೇಲೆಯೇ ಹಾಕಬೇಕು.

ಬೆಳಗಾವಿ_ರೊಟ್ಟಿ
ತುಪ್ಪವೂ ಅಷ್ಟೇ.

ಹೊಸ_ಸೊಸೆ_2
ಒಂದು ಡೌಟು. ಮನೆಯಲ್ಲಿ ದೊಡ್ಡ ಮಂಗಳೂರು ಸೌತೆ ಇದೆ, ಹಳದಿ ಪಟ್ಟೆಯದ್ದು. ಅದರಲ್ಲಿ ಈ ಸಲಾಡ್ ಆಗುತ್ತಾ?

ಕುಂದಾಪ್ರ_ಶೆಟ್ಟಿ
ಬೇಡ ತಂಗಿ. ಅದು ಹುಳಿ, ಸಾಂಬಾರು, ಪಲ್ಯಕ್ಕೆ. ಅದರ ಜಾತಿಯೇ ಬೇರೆ, ಖರಬೂಜದ ಕಡೆಯದ್ದು. ಹಸಿ ತಿಂದರೆ ಗಟ್ಟಿ, ಸಪ್ಪೆ. ಆದರೆ ಇಟ್ಟರೆ ಕೆಡುವುದಿಲ್ಲ. ನಮ್ಮಲ್ಲಿ ಬಾಳೆನಾರಿನಲ್ಲಿ ಕಟ್ಟಿ ಅಟ್ಟದ ಕೆಳಗೆ ಸಾಲಾಗಿ ತೂಗಿ ಹಾಕುತ್ತಾರೆ, ಮಳೆಗಾಲದಲ್ಲಿ ತರಕಾರಿ ಸಿಗದಾಗ ಒಂದೊಂದೇ ಇಳಿಸುವುದು. ಸಿಪ್ಪೆ ಬಿಸಾಡಬೇಡ, ಚಟ್ನಿ ಆಗುತ್ತದೆ.

ಸಿರ್ಸಿ_ಸೊಸೆ
ಮುಳ್ಳುಸೌತೆ ಬಲಿತದ್ದು ಉಳಿದರೆ ಅದನ್ನೂ ಬಿಸಾಡಬೇಡಿ. ತುರಿದು, ನೆನೆಸಿದ ಅಕ್ಕಿ ಜೊತೆ ರುಬ್ಬಿ ತೆಳ್ಳೇವು (ತೆಳು ದೋಸೆ) ಎರೆಯಿರಿ. ಬೆಣ್ಣೆ, ಜೋನಿ ಬೆಲ್ಲ ಜೊತೆ!

ತುಮಕೂರು_ತೋಟ
ಹುಳಿ-ಸಿಹಿ ಸೌತೆ ಬಗ್ಗೆ ಇಷ್ಟು ಮಾತಾಯಿತು, ನಮ್ಮ ಮಿಡಿಸೌತೆ ಯಾರಿಗೂ ನೆನಪಾಗಲಿಲ್ಲವಾ? ಯುರೋಪು, ಅಮೆರಿಕದವರು ಬರ್ಗರ್ ಒಳಗೆ ಇಟ್ಟು ತಿನ್ನುವ ಹುಳಿ ಗರ್ಕಿನ್ ಬೆಳೆಯುವುದು ನಮ್ಮ ಜಿಲ್ಲೆಗಳಲ್ಲೇ. ತುಮಕೂರು, ಹಾಸನ, ದಾವಣಗೆರೆ ಕಡೆ 1990ರ ದಶಕದಿಂದ ಕಂಪನಿಗಳ ಒಪ್ಪಂದದ ಮೇಲೆ ರೈತರು ಬೆಳೆಯುತ್ತಿದ್ದಾರೆ. ಬೀಜ, ಗೊಬ್ಬರ ಅವರೇ ಕೊಡುತ್ತಾರೆ, ಬೆಲೆ ಮೊದಲೇ ಮಾತಾಡಿರುತ್ತಾರೆ. ಹೆಚ್ಚು ಕಡಿಮೆ ಎಲ್ಲಾ ಹೊರದೇಶಕ್ಕೆ ಹೋಗುತ್ತದೆ, ಡ್ರಮ್ಮುಗಳಲ್ಲಿ ಉಪ್ಪುನೀರು ಅಥವಾ ವಿನೆಗರ್ ಹಾಕಿ, ಇಲ್ಲವೇ ಬಾಟಲಿ ತುಂಬಿ.

ಬೆಳೆ ಬಹಳ ಚುರುಕು. ಬಿತ್ತಿದ 30-35 ದಿನಕ್ಕೆ ಕಾಯಿ ಶುರು. ಆಮೇಲೆ ದಿನಾ ಕೀಳಬೇಕು. ಇವತ್ತು ಕಿರುಬೆರಳಿನಷ್ಟು ಇದ್ದದ್ದು ಒಂದು ದಿನ ಬಿಟ್ಟರೆ ದಪ್ಪ ಆಗಿ ದರ್ಜೆ ಇಳಿಯುತ್ತದೆ. ಸಣ್ಣ ಕಾಯಿಗೇ ಬೆಲೆ ಜಾಸ್ತಿ. ಮನೆ ಮಂದಿಯೆಲ್ಲಾ ಬೆಳಿಗ್ಗೆ ಬಗ್ಗಿ ಕೀಳಬೇಕು, ಎಲೆಯ ಕೆಳಗೆ ಒಂದೂ ತಪ್ಪಬಾರದು. ಆ ಸಣ್ಣ ಮುಳ್ಳುಗಳಿಗೆ ಬೆರಳೆಲ್ಲಾ ಉರಿಯುತ್ತದೆ. ಇಷ್ಟು ಕಷ್ಟಪಟ್ಟು ಬೆಳೆದದ್ದರ ರುಚಿ ಬೆಳೆದವರೇ ನೋಡಿರುವುದಿಲ್ಲ. ನಮ್ಮ ಊರಿನ ಅಂಗಡಿಯಲ್ಲಿ ಒಂದು ಬಾಟಲಿ ಸಿಗುವುದಿಲ್ಲ. ಇದು ಬದಲಾಗಬೇಕು ಅಂತ ನನ್ನ ಆಸೆ.

ಸ್ಟಾಕ್‌ಹೋಮ್_ಸುಬ್ಬು
ಅಣ್ಣಾ, ನಾಳೆ ಅಂಗಡಿಗೆ ಹೋದಾಗ ಬಾಟಲಿ ತಿರುಗಿಸಿ ಎಲ್ಲಿಯದು ಅಂತ ನೋಡುತ್ತೇನೆ.

ಹಾಸನದ_ಹುಡುಗಿ
ನಮ್ಮ ಊರಿನ ಹತ್ತಿರವೇ ಬೆಳೆಯುತ್ತಾರೆ, ನಾನೂ ತಿಂದಿಲ್ಲ. ಮನೆಯಲ್ಲಿ ಹಾಕಬಹುದಾ?

ತುಮಕೂರು_ತೋಟ
ಆರಾಮಾಗಿ. ದಪ್ಪ ಆಗಿ ಕಂಪನಿಯವರು ಬಿಟ್ಟ ಕಾಯಿ ಸಿಕ್ಕರೂ ಸಾಕು. ಚೆನ್ನಾಗಿ ಉಜ್ಜಿ ತೊಳೆದು, ಹೂವಿನ ಕಡೆಯ ತುದಿ ಸ್ವಲ್ಪ ಕತ್ತರಿಸಿ ತೆಗೆಯಿರಿ. ಆ ಕಡೆ ಉಳಿದರೆ ಹೋಳು ಮೆತ್ತಗಾಗುತ್ತದೆ. ಉದ್ದಕ್ಕೆ ನಾಲ್ಕು ಸೀಳು ಮಾಡಿ, ಉಪ್ಪು ಹಚ್ಚಿ ಒಂದು ರಾತ್ರಿ ಫ್ರಿಜ್‌ನಲ್ಲಿಡಿ, ಬೆಳಿಗ್ಗೆ ನೀರು ಬಸಿಯಿರಿ. ಮೇಷ್ಟ್ರು ಮೇಲೆ ಹೇಳಿದ ಲೆಕ್ಕದ ಪಾಕವನ್ನೇ ಕುದಿಸಿ, ನಾಲ್ಕು ಕಾಳುಮೆಣಸು, ಅರ್ಧ ಚಮಚ ಸಾಸಿವೆ, ಒಂದು ಒಣಮೆಣಸಿನಕಾಯಿ ಹಾಕಿ ಬಿಸಿ ಇರುವಾಗಲೇ ಸುರಿಯಿರಿ. ಕಾಯಿ ಪೂರ್ತಿ ಮುಳುಗಿರಬೇಕು. ಆರಿದ ಮೇಲೆ ಫ್ರಿಜ್‌ನಲ್ಲಿಟ್ಟು ಎರಡು ದಿನ ಬಿಟ್ಟು ತೆಗೆಯಿರಿ.

ಹೊಸ_ಸೊಸೆ_2
ಅಲ್ಯೂಮಿನಿಯಂ ಡಬ್ಬದಲ್ಲಿ ಇಡಬಹುದಾ? ಅದೇ ದೊಡ್ಡದು ಇರುವುದು.

ಕೆಮಿಸ್ಟ್ರಿ_ಮೇಷ್ಟ್ರು
ಬೇಡವೇ ಬೇಡ. ಹುಳಿಗೆ ಅಲ್ಯೂಮಿನಿಯಂ ಕರಗುತ್ತದೆ, ರುಚಿಯೂ ಕೆಡುತ್ತದೆ. ಹಿತ್ತಾಳೆ-ತಾಮ್ರವೂ ಬೇಡ. ಗಾಜಿನ ಜಾಡಿ ಅಥವಾ ಉಪ್ಪಿನಕಾಯಿ ಹಾಕುವ ಪಿಂಗಾಣಿ ಭರಣಿ. ಬಿಸಿ ಪಾಕ ಸುರಿಯುವಾಗ ಗಾಜಿನ ಜಾಡಿಯನ್ನು ಮೊದಲು ಬಿಸಿನೀರಲ್ಲಿ ತೊಳೆದು ಬೆಚ್ಚಗೆ ಮಾಡಿಕೊಳ್ಳಿ, ಇಲ್ಲದಿದ್ದರೆ ಸೀಳು ಬಿಡುತ್ತದೆ.